ವಂಶಾವಳಿಯೂ ಮನೆಯ ಕಡತಗಳೂ

ಪಾರ್ವಣಶ್ರಾದ್ಧದಲ್ಲಿ ಪಿತೃ, ಪಿತಾಮಹ, ಪ್ರಪಿತಾಮಹರೆಂಬ ಮೂವರ ಹೆಸರುಗಳನ್ನು ಗೋತ್ರಸಹಿತವಾಗಿ ಉಚ್ಚರಿಸಬೇಕೆಂಬುದು ವಿಧಿ. ಕರ್ತೃವು ತೀರಿಕೊಂಡು ಅವನಿಗೆ ಸಪಿಂಡೀಕರಣವಾದೊಡನೆ ಅವನು ಪಿತೃಪಂಕ್ತಿಯಲ್ಲಿ ಮೊದಲನೆಯವನಾಗುತ್ತಾನೆ; ಅದುವರೆಗೆ ಮೂರನೆಯವನಾಗಿ ಪಿಂಡವನ್ನು ಸ್ವೀಕರಿಸುತ್ತಿದ್ದ ಪ್ರಪಿತಾಮಹನು ಆ ಸಾಲಿನಿಂದ ಜಾರಿ, ಕೈಗೆ ಅಂಟಿದ ಲೇಪವನ್ನು ಮಾತ್ರ ಪಡೆಯುವ ಲೇಪಭಾಗಿಗಳ ಗುಂಪನ್ನು ಸೇರುತ್ತಾನೆ. ಅಲ್ಲಿಗೆ ಅವನ ಹೆಸರನ್ನು ಹೇಳುವ ಅಗತ್ಯವೂ ತೀರಿತು. ಹೀಗೆ ತಲೆಗೊಂದು ಹೆಸರನ್ನು ಸೇರಿಸಿಕೊಳ್ಳುತ್ತ, ತಲೆಗೊಂದು ಹೆಸರನ್ನು ಬಿಟ್ಟುಕೊಡುತ್ತ ನಡೆಯುವ ಈ ಸ್ಮರಣೆಯು ಎಂದಿಗೂ ಮೂರರಾಚೆಗೆ ಬೆಳೆಯುವುದಿಲ್ಲ. ಇಂದು ಯಾವನಾದರೊಬ್ಬ ಗೃಹಸ್ಥನನ್ನು ನಿಲ್ಲಿಸಿ ಅವನ ಮುತ್ತಜ್ಜನ ತಂದೆಯ ಹೆಸರೇನೆಂದು ಕೇಳಿದರೆ ಅವನು ಸುಮ್ಮನಾಗುವುದಕ್ಕೆ ಅವನೊಬ್ಬನ ಅನಾದರವೇ ಕಾರಣವೆನ್ನಲಾಗದು.

ಆದರೆ ಧರ್ಮಶಾಸ್ತ್ರವೇ ಇನ್ನೊಂದು ಕಡೆಯಲ್ಲಿ ಮೂರಕ್ಕಿಂತ ಹೆಚ್ಚಿನ ತಲೆಗಳ ಜ್ಞಾನವನ್ನು ಬೇಡುತ್ತದೆ. ಕಲ್ಯಾಣದಲ್ಲಿ ಆರನೆಯ ವಿಕ್ರಮಾದಿತ್ಯನು (1076–1126) ಆಳುತ್ತಿದ್ದಾಗ ವಿಜ್ಞಾನೇಶ್ವರನು ಯಾಜ್ಞವಲ್ಕ್ಯಸ್ಮೃತಿಗೆ ಮಿತಾಕ್ಷರಾ ಎಂಬ ವ್ಯಾಖ್ಯಾನವನ್ನು ರಚಿಸಿದನಷ್ಟೆ. ಸಪಿಂಡತ್ವವೆಂಬುದು ಪಿಂಡದಾನದ ಸಂಬಂಧವಲ್ಲ, ಏಕಶರೀರದ ಅವಯವಗಳ ಅನ್ವಯ ಎಂಬುದು ಅವನ ಪ್ರಸಿದ್ಧ ಮತ. ಮದುವೆಯ ವಿಚಾರದಲ್ಲಿ ಈ ಸಂಬಂಧವು ತಂದೆಯ ಕಡೆಯಿಂದ ಏಳನೆಯ ತಲೆಯವರೆಗೂ ತಾಯಿಯ ಕಡೆಯಿಂದ ಐದನೆಯ ತಲೆಯವರೆಗೂ ಎಣಿಕೆಗೆ ಬರುತ್ತದೆ. ದಾಯಭಾಗದಲ್ಲಿ ಸಪಿಂಡರಿಲ್ಲದಿದ್ದರೆ ಸಮಾನೋದಕರೆಂದು ಹದಿನಾಲ್ಕನೆಯ ತಲೆಯವರೆಗೂ ಹುಡುಕಬೇಕಾಗುತ್ತದೆ. ಹೆಣ್ಣು ಕೊಡುವಾಗಲೂ ಹೊಲ ಹಂಚುವಾಗಲೂ ಏಳು ಅಥವಾ ಹದಿನಾಲ್ಕು ತಲೆಗಳ ಲೆಕ್ಕವು ಬೇಕಾದರೆ ಅದನ್ನು ಯಾರು ಇಟ್ಟಿದ್ದರು? ಮನೆಯವನಂತೂ ಇಟ್ಟಿರಲಿಲ್ಲ. ಇದಕ್ಕಾಗಿಯೇ ನಮ್ಮ ದೇಶದಲ್ಲಿ ಬೇರೆ ಜನರಿದ್ದರು.

ದೇವತೆಗಳ, ಋಷಿಗಳ, ಅರಸರ ವಂಶಗಳನ್ನು ಧರಿಸಿಕೊಂಡಿರುವುದೇ ಸೂತನ ಸ್ವಧರ್ಮವೆಂದು ವಾಯುಪುರಾಣವು ಹೇಳುತ್ತದೆ. ಪುರಾಣದ ಪಂಚಲಕ್ಷಣಗಳಲ್ಲಿ ವಂಶ, ವಂಶಾನುಚರಿತಗಳೆರಡೂ ಸೇರಿರುವುದು ಎಲ್ಲರಿಗೂ ತಿಳಿದದ್ದೇ. ರಾಜಸ್ಥಾನದ ಭಾಟರೂ ಚಾರಣರೂ ಈ ಕೆಲಸವನ್ನು ರಜಪೂತರ ಮನೆತನಗಳಿಗೆ ಮಾಡಿದರು. ಹರಿದ್ವಾರದ ಪಂಡಾಗಳು ಯಾತ್ರಿಕರ ಊರು, ಜಾತಿ, ತಂದೆತಾತಂದಿರ ಹೆಸರುಗಳನ್ನು ತಮ್ಮ ವಹಿಗಳಲ್ಲಿ ಬರೆದು, ಅದೇ ಮನೆಯವರು ಒಂದೆರಡು ತಲೆಮಾರುಗಳ ಮೇಲೆ ಬಂದಾಗ ತೆರೆದು ತೋರಿಸುತ್ತಾರೆ. ತ್ರ್ಯಂಬಕೇಶ್ವರದ ಪುರೋಹಿತರಲ್ಲಿಯೂ ಇಂಥ ಪುಸ್ತಕಗಳುಂಟು. ಹರಿದ್ವಾರದ ವಹಿಗಳಿಗೆ ಇಪ್ಪತ್ತನೆಯ ಶತಮಾನದ ಉತ್ತರಾರ್ಧದಿಂದ ಸೂಕ್ಷ್ಮಚಿತ್ರಗಳನ್ನು ತೆಗೆದವರು ಅಮೇರಿಕದ ಯೂಟಾ ಪ್ರಾಂತದ ವಂಶಶೋಧನ ಸಂಘದವರು ಎಂಬುದನ್ನು ಇಲ್ಲಿ ಹೇಳಲೇಬೇಕು. ನಮ್ಮವರಿಗೆ ಹೊಳೆಯದ ಕೆಲಸವು ಏಳು ಸಮುದ್ರಗಳಾಚೆಯವರಿಗೆ ಹೊಳೆಯಿತು.

ಕನ್ನಡ ನಾಡಿನಲ್ಲಿ, ಅದರಲ್ಲಿಯೂ ಉತ್ತರದ ಜಿಲ್ಲೆಗಳಲ್ಲಿ, ಈ ಧರ್ಮವನ್ನು ಹೊತ್ತವರು ಹೆಳವರು. ಹೆಳವನೆಂದರೆ ಕುಂಟನೆಂದು ಅರ್ಥ. ನಡೆಯಲಾರದ ಒಬ್ಬನಿಗೆ ಬಸವಣ್ಣನವರು ಎತ್ತನ್ನು ಕೊಟ್ಟು, ಮನೆಮನೆಗೆ ಹೋಗಿ ಕುಲದ ಹಿರಿಯರನ್ನು ಹೊಗಳಿ ಬದುಕಿಕೋ ಎಂದು ಅಪ್ಪಣೆಯಿತ್ತರೆಂಬ ಕಥೆಯು ಅವರಲ್ಲಿ ಪ್ರಚಲಿತವಾಗಿದೆ. ಕಥೆಯು ಇತಿಹಾಸವಲ್ಲದಿದ್ದರೂ ಎತ್ತು ಮಾತ್ರ ದಿಟವಾದುದು. ಸುಗ್ಗಿ ಮುಗಿದು ಕಣಜ ತುಂಬಿದ ಮೇಲೆ, ಗಂಟೆ ಗೆಜ್ಜೆಗಳಿಂದ ಸಿಂಗರಿಸಿದ ಎತ್ತನ್ನೇರಿ ಬೆಳಗಿನ ಹೊತ್ತಿನಲ್ಲಿ ಒಕ್ಕಲ ಮನೆಯ ಮುಂದೆ ನಿಲ್ಲುವ ಹೆಳವನು, ಆ ಮನೆತನದ ಮೂಲಪುರುಷನು ಯಾರು, ಅವನು ಯಾವ ಊರಿನಿಂದ ಯಾವ ಕಾರಣಕ್ಕಾಗಿ ಹೊರಟುಬಂದನು, ಮನೆದೇವರು ಯಾವುದು, ಬೆಡಗು ಯಾವುದು, ಯಾರ ಹೊಟ್ಟೆಯಲ್ಲಿ ಯಾರು ಹುಟ್ಟಿದರು, ಯಾರು ಬೇರೆಯಾಗಿ ಯಾವ ಊರಿಗೆ ಹೋದರು ಎಂಬುದನ್ನೆಲ್ಲ ರಾಗವಾಗಿ ಹೇಳುತ್ತಾನೆ. ಕಳೆದ ಸಲ ಬಂದುಹೋದ ಮೇಲೆ ಹುಟ್ಟಿದ ಮಕ್ಕಳ ಹೆಸರುಗಳನ್ನು ಕೇಳಿ ತನ್ನ ಹೊತ್ತಗೆಯಲ್ಲಿ ಸೇರಿಸಿಕೊಳ್ಳುತ್ತಾನೆ. ಕಾಳು, ಬಟ್ಟೆ, ಹಣ, ಉಳ್ಳವರ ಮನೆಯಾದರೆ ಆಕಳು ಕರು, ಇವು ಅವನ ಸಂಭಾವನೆ. ಲಿಂಗವಂತರು, ಕುರುಬರು, ರಡ್ಡಿಗಳು ಮೊದಲಾದ ಅನೇಕ ಸಮಾಜಗಳವರು ಹೀಗೆ ಹೆಳವರಿಗೆ ಒಕ್ಕಲುಗಳಾಗಿದ್ದಾರೆ. ತೆಲುಗು ನಾಡಿನಲ್ಲಿ ಪಿಚ್ಚಿಗುಂಟರೆಂಬವರದೂ ಇದೇ ವೃತ್ತಿ.

ಹೆಳವರ ವ್ಯವಸ್ಥೆಯಲ್ಲಿ ಗಮನಿಸತಕ್ಕ ಸಂಗತಿಯೊಂದುಂಟು. ಇಂಥ ಊರಿನ ಇಂಥ ಮನೆತನಗಳು ಇಂಥ ಹೆಳವನಿಗೆ ಸೇರಿದವು ಎಂಬ ಕಟ್ಟಳೆಯಿದ್ದು, ಆ ಹಕ್ಕು ತಂದೆಯಿಂದ ಮಗನಿಗೆ ಬರುತ್ತದೆ. ಆದುದರಿಂದ ಒಂದು ಮನೆತನದ ದಾಖಲೆಯು ಒಂದೇ ಕೈಯಲ್ಲಿ ಉಳಿದು, ತಲೆತಲಾಂತರವಾಗಿ ಬೆಳೆಯುವುದಕ್ಕೆ ಅನುಕೂಲವಾಯಿತು. ಅದೇ ಕಾರಣದಿಂದ, ಆ ಒಂದು ಕೈಯು ಕೆಲಸವನ್ನು ಬಿಟ್ಟರೆ ಬೇರೆ ಪ್ರತಿಯೆಂಬುದು ಎಲ್ಲಿಯೂ ಇರದು. ಹೆಳವರ ಮಕ್ಕಳು ಶಾಲೆ ಕಲಿತು ನೌಕರಿಗೆ ಸೇರಿದರೆ ಅದನ್ನು ತಪ್ಪೆನ್ನುವ ಅಧಿಕಾರ ಯಾರಿಗೂ ಇಲ್ಲ. ವರ್ಷಕ್ಕೆ ಎರಡು ಸೇರು ಜೋಳವನ್ನು ಕೊಟ್ಟು, ಅದನ್ನೂ ಭಿಕ್ಷೆಯೆಂದು ಕರೆದು, ಅವರು ಎತ್ತಿನ ಬೆನ್ನಿನ ಮೇಲೆಯೇ ಇರಬೇಕೆಂದು ಬಯಸುವುದು ನ್ಯಾಯವಲ್ಲ. ಹೊತ್ತಗೆಗಳ ಪ್ರತಿಯನ್ನು ಮಾಡಿಕೊಳ್ಳುವ ಭಾರವು ಒಕ್ಕಲುಗಳ ಮೇಲಿದೆ.

ಇನ್ನು, ಇಂಥ ದಾಖಲೆಗಳನ್ನು ಎಷ್ಟರಮಟ್ಟಿಗೆ ನಂಬಬೇಕು ಎಂಬ ಪ್ರಶ್ನೆ. ಹೊಗಳಿ ಬದುಕುವವನು ಹೊಗಳಿಕೆಯನ್ನು ಬೆಳೆಸಿಯಾನೆಂಬ ಶಂಕೆಯು ಸಹಜವಾದುದು. ಆದರೆ ಈ ದೋಷವನ್ನು ಬಡ ಹೆಳವನೊಬ್ಬನ ಮೇಲೆ ಹೊರಿಸುವುದಕ್ಕೆ ಮೊದಲು ಚಕ್ರವರ್ತಿಗಳ ತಾಮ್ರಶಾಸನಗಳನ್ನು ನೋಡಬೇಕು. ಭೂಮಿಯನ್ನು ದಾನಮಾಡುವ ಅರಸನು ಮುಂದೆ ಬರುವ ಅರಸರ ತಿಳಿವಳಿಕೆಗಾಗಿ, ಬಟ್ಟೆಯ ಮೇಲೋ ತಾಮ್ರದ ಮೇಲೋ, ತನ್ನ ವಂಶದ ಹಿರಿಯರನ್ನೂ ತನ್ನನ್ನೂ ದಾನದ ಪರಿಮಾಣವನ್ನೂ ಬರೆಯಿಸಿ, ಮುದ್ರೆಯನ್ನೊತ್ತಿ ಕೊಡಬೇಕೆಂದು ಯಾಜ್ಞವಲ್ಕ್ಯನು ವಿಧಿಸಿದ್ದಾನೆ. ಬಾದಾಮಿಯ ಚಾಲುಕ್ಯರ, ರಾಷ್ಟ್ರಕೂಟರ, ಗಂಗರ ವಂಶಾವಳಿಗಳು ಇಂದು ನಮಗೆ ಗೊತ್ತಾಗಿರುವುದು ಬಹುಮಟ್ಟಿಗೆ ಈ ಪದ್ಧತಿಯ ಫಲ. ಬಾದಾಮಿಯ ಚಾಲುಕ್ಯರು ತಮ್ಮನ್ನು ಮಾನವ್ಯಗೋತ್ರದವರೆಂದೂ ಹಾರೀತೀಪುತ್ರರೆಂದೂ ಹೇಳಿಕೊಂಡರೇ ಹೊರತು ಅಯೋಧ್ಯೆಯ ಮಾತನ್ನು ಎತ್ತಲಿಲ್ಲ. ಅವರಾದ ಎಷ್ಟೋ ತಲೆಮಾರುಗಳ ಮೇಲೆ, ಕಲ್ಯಾಣದ ಚಾಲುಕ್ಯರಲ್ಲಿ ಐದನೆಯ ವಿಕ್ರಮಾದಿತ್ಯನ ಕೌಠೇಂ ತಾಮ್ರಪಟಗಳಲ್ಲಿ, ಅಯೋಧ್ಯೆಯಲ್ಲಿ 59 ಮಂದಿ ಚಾಲುಕ್ಯರು ಆಳಿದರೆಂದೂ ಅನಂತರ 16 ಮಂದಿ ದಕ್ಷಿಣದಲ್ಲಿ ಆಳಿದರೆಂದೂ ಬರೆದಿದೆ. ಕಾಲಕ್ಕೆ ಹತ್ತಿರದವರಿಗೆ ತಿಳಿಯದ ಸಂಗತಿಯು ದೂರದವರಿಗೆ ತಿಳಿಯಿತೆಂದರೆ ಅದು ಹೇಗೆ ತಿಳಿಯಿತೆಂಬುದನ್ನು ವಾಚಕರೇ ಊಹಿಸಬಹುದು. ಗಂಗರ ಹೆಸರಿನ ತಾಮ್ರಪಟಗಳಲ್ಲಿ ಹಲವು ಕೃತ್ರಿಮವೆಂದು ಫ್ಲೀಟನು ವಾದಿಸಿದನು. ರೈಸನಿಗೂ ಅವನಿಗೂ ಈ ವಿಷಯದಲ್ಲಿ ಬಹುಕಾಲ ವಾಗ್ವಾದವು ನಡೆಯಿತು. ಭೂಮಿಯ ಹಕ್ಕು ಅಂಟಿಕೊಂಡಿರುವ ಕಡೆಯಲ್ಲಿ ತಾಮ್ರವೂ ಸುಳ್ಳು ಹೇಳುವುದುಂಟು.

ಇದಕ್ಕೆ ಪ್ರತಿಯಾಗಿ, ಶಿವಮೊಗ್ಗ ಜಿಲ್ಲೆಯ ತಾಳಗುಂದದ ಕಂಬವನ್ನು ನೋಡಬಹುದು. ಐದನೆಯ ಶತಮಾನದಲ್ಲಿ ಕುಬ್ಜನೆಂಬ ಕವಿಯು ರಚಿಸಿದ ಆ ಶಾಸನವು ಕದಂಬರ ಮನೆತನದ ಕಥೆಯೇ ಆಗಿದೆ. ಮನೆಯ ಬಳಿಯಲ್ಲಿ ಬೆಳೆದಿದ್ದ ಕದಂಬವೃಕ್ಷದಿಂದ ಕುಲಕ್ಕೆ ಆ ಹೆಸರು ಬಂದಿತೆಂಬುದು, ಮಯೂರಶರ್ಮನು ಗುರುವಾದ ವೀರಶರ್ಮನೊಡನೆ ವೇದಾಭ್ಯಾಸಕ್ಕಾಗಿ ಕಾಂಚಿಯ ಘಟಿಕೆಗೆ ಹೋದುದು, ಅಲ್ಲಿ ಪಲ್ಲವರ ಅಶ್ವಾರೋಹಿಯೊಡನೆ ಕಲಹವಾಗಿ ದರ್ಭೆ ಹಿಡಿದ ಕೈಯಲ್ಲಿ ಖಡ್ಗವನ್ನು ಹಿಡಿದುದು ಎಲ್ಲವೂ ಅಲ್ಲಿವೆ. ಅರಸರಾದ ಮೇಲೆಯೂ ಆ ಮನೆಯವರು ತಮ್ಮ ಮೂಲಪುರುಷನನ್ನು ಅಪಮಾನಿತನಾದ ಒಬ್ಬ ವಿದ್ಯಾರ್ಥಿಯೆಂದೇ ಹೇಳಿಸಿಕೊಂಡರು. ಇಂಥ ಮಾತನ್ನು ಹೊಸದಾಗಿ ಕಟ್ಟಿಕೊಳ್ಳುವವರು ವಿರಳ. ಅದು ಮನೆಯಲ್ಲಿ ನೆನಪಾಗಿ ಬಂದುದೇ ಇರಬೇಕು.

ಶ್ರೀರಂಗಪಟ್ಟಣವು 1799ರಲ್ಲಿ ಬಿದ್ದ ಮೇಲೆ ಮೈಸೂರು ಸೀಮೆಯ ಮೋಜಣಿಗೆ ನಿಯಮಿತನಾದ ಕಾಲಿನ್ ಮೆಕೆಂಜಿಯು (1754–1821) ಹಳ್ಳಿಹಳ್ಳಿಯ ಶಾನುಭೋಗರಿಂದಲೂ ಹಿರಿಯರಿಂದಲೂ ಸ್ಥಳವೃತ್ತಾಂತಗಳನ್ನು ಬರೆಯಿಸಿದನು. ಇವೇ ಕೈಫಿಯತ್ತುಗಳು. ದೇಶಭಾಷೆಗಳಲ್ಲಿ ಮೆಕೆಂಜಿಗೆ ಪ್ರವೇಶವಿರಲಿಲ್ಲ. ಊರೂರು ಅಲೆದು, ಸಂಶಯಪಡುತ್ತಿದ್ದ ಜನರನ್ನು ಒಲಿಸಿ, ಕಡತಗಳನ್ನು ಹೊರತೆಗೆಸಿದವರು ಕಾವಲಿ ವೆಂಕಟ ಬೋರಯ್ಯ, ಅವನ ತಮ್ಮ ಲಕ್ಷ್ಮಯ್ಯ ಮೊದಲಾದ ದೇಶೀಯ ಸಹಾಯಕರು. ಬೋರಯ್ಯನು ಚಿಕ್ಕ ವಯಸ್ಸಿನಲ್ಲಿಯೇ, 1803ರಲ್ಲಿ, ಮಡಿದನು. ಕನಕಗಿರಿಯ ಜೈನಪಂಡಿತ ದೇವಚಂದ್ರನೂ ಮೆಕೆಂಜಿಗೆ ನೆರವಾದವರಲ್ಲಿ ಒಬ್ಬನು. ಅವನ ರಾಜಾವಳೀಕಥೆಗೆ ಪ್ರೇರಣೆ ದೊರೆತುದು ಆ ಭೇಟಿಯಿಂದ. ಕನ್ನಡದ ಕೈಫಿಯತ್ತುಗಳನ್ನು ಎಂ. ಎಂ. ಕಲಬುರ್ಗಿಯವರು ಸಂಪಾದಿಸಲು, ಹಂಪೆಯ ಕನ್ನಡ ವಿಶ್ವವಿದ್ಯಾಲಯವು 1994ರಲ್ಲಿ ಪ್ರಕಟಿಸಿತು. ಬರೆಯಿಸಿದ ಸುಮಾರು 190 ವರ್ಷಗಳ ಮೇಲೆ ಹಳ್ಳಿಗಳವರಿಗೆ ತಮ್ಮ ಹಿರಿಯರು ಹೇಳಿದ್ದೇನೆಂದು ಓದುವ ಅವಕಾಶವು ದೊರೆಯಿತು.

ಕೈಫಿಯತ್ತುಗಳನ್ನು ಓದುವಾಗಲೂ ಎಚ್ಚರವು ಬೇಕು. ಹೊಸ ಸರ್ಕಾರವು ಬಂದಿದೆ, ಅದರ ಅಧಿಕಾರಿಯು ಊರಿನ ಚರಿತ್ರೆಯನ್ನು ಕೇಳುತ್ತಿದ್ದಾನೆ ಎಂದರೆ, ತನ್ನ ಉಂಬಳಿ ಮಾನ್ಯಗಳ ಚಿಂತೆಯಿಲ್ಲದೆ ಉತ್ತರವನ್ನು ಬರೆಯಿಸಿದ ಗೌಡನಾಗಲಿ ಶಾನುಭೋಗನಾಗಲಿ ಎಷ್ಟು ಮಂದಿ ಇದ್ದಾರು? ಅವರ ಭಯವು ನಿರಾಧಾರವಾಗಿಯೂ ಇರಲಿಲ್ಲ. ಮುಂಬಯಿ ಇಲಾಖೆಯಲ್ಲಿ 1852ರ ಕಾಯಿದೆಯ ಮೇರೆಗೆ ಇನಾಮು ಕಮಿಶನ್ ಕುಳಿತು, ಧಾರವಾಡ ಬೆಳಗಾವಿ ಮೊದಲಾದ ಪ್ರಾಂತಗಳಲ್ಲಿ ಪ್ರತಿಯೊಬ್ಬ ಇನಾಮುದಾರನಿಂದಲೂ ಸನದುಗಳನ್ನೂ ವಂಶಾವಳಿಯನ್ನೂ ಕೇಳಿತು. ಕಾಗದವನ್ನು ಗೆದ್ದಲು ತಿಂದಿದ್ದವನ ಭೂಮಿಯೂ ಹೋಯಿತು. ಔರಸಸಂತಾನವಿಲ್ಲದವರ ದತ್ತಕವನ್ನು ಒಪ್ಪದಿರುವುದೂ ಆ ಕಾಲದ ನೀತಿಯೇ. 1858ರಲ್ಲಿ ನರಗುಂದದ ಬಾಬಾಸಾಹೇಬನು ದಂಗೆಯೆದ್ದುದಕ್ಕೆ ಈ ದತ್ತಕದ ಪ್ರಶ್ನೆಯೇ ಮುಖ್ಯ ಕಾರಣ. ಮೈಸೂರಿನಲ್ಲಿ ಇನಾಮು ಕಮಿಶನ್ ಏರ್ಪಟ್ಟುದು 1866ರಲ್ಲಿ. ಇಂದು ಹಳೆಯ ಮನೆಗಳ ಪೆಟ್ಟಿಗೆಗಳಲ್ಲಿ ದೊರೆಯುವ ಅಚ್ಚುಕಟ್ಟಾದ ವಂಶವೃಕ್ಷಗಳಲ್ಲಿ ಅನೇಕವು ಇಂಥ ವಿಚಾರಣೆಗಳ ಮುಂದೆ ಹಾಜರುಪಡಿಸುವುದಕ್ಕಾಗಿಯೇ ತಯಾರಾದವು. ಅವುಗಳಲ್ಲಿ ದಾಯಾದಿಯ ಒಂದು ಕವಲು ಇದ್ದಕ್ಕಿದ್ದಂತೆ ನಿಸ್ಸಂತಾನವಾಗಿ ಕಂಡರೆ, ಅದು ದೈವದ ಕೆಲಸವೋ ಲೇಖಣಿಯ ಕೆಲಸವೋ ಎಂದು ಕೇಳಿಕೊಳ್ಳುವುದು ಒಳ್ಳೆಯದು.

ಈ ವಿಷಯದಲ್ಲಿ ನ್ಯಾಯಶಾಸ್ತ್ರದ ಒಂದು ನಿಯಮವು ಇತಿಹಾಸಕಾರನಿಗೂ ದಾರಿ ತೋರಿಸುತ್ತದೆ. 1872ರ ಸಾಕ್ಷ್ಯದ ಕಾಯಿದೆಯು ರಕ್ತಸಂಬಂಧದ ವಿಷಯವಾಗಿ ಮೃತರಾದವರ ಹೇಳಿಕೆಯನ್ನು, ಮನೆತನದ ವಂಶಾವಳಿ, ಮರಣಶಾಸನಪತ್ರ, ಸಮಾಧಿಶಿಲೆ ಮುಂತಾದುವುಗಳಲ್ಲಿ ಬರೆದುದನ್ನು, ಪುರಾವೆಯೆಂದು ಸ್ವೀಕರಿಸಿತು. ಆದರೆ ಆ ಹೇಳಿಕೆಯು ವಿವಾದವು ಹುಟ್ಟುವುದಕ್ಕೆ ಮುಂಚಿನದಾಗಿರಬೇಕು. 2024ರ ಜುಲೈ 1ರಿಂದ ಆ ಕಾಯಿದೆಗೆ ಬದಲಾಗಿ ಬಂದ ಹೊಸ ಅಧಿನಿಯಮದಲ್ಲಿಯೂ ಈ ನಿಯಮವು ಉಳಿದಿದೆ. ಹಕ್ಕಿಗಾಗಿ ಬರೆದುದಕ್ಕಿಂತ ಬೇರೆ ಯಾವುದೋ ಕೆಲಸಕ್ಕಾಗಿ ಬರೆದುದೇ ಹೆಚ್ಚು ನಂಬಿಕೆಗೆ ಅರ್ಹ. ಬೇಗೂರಿನ ವೀರಗಲ್ಲನ್ನು ನೋಡಿರಿ. ಸುಮಾರು 900ರ ಆ ಕಲ್ಲು ಬೆಂಗಳೂರ ಕಾಳಗದಲ್ಲಿ ಒಬ್ಬನು ಸತ್ತನೆಂದಷ್ಟೇ ಹೇಳುತ್ತದೆ. ಬೆಂಗಳೂರು ಪುರಾತನವಾದುದೆಂದು ಸ್ಥಾಪಿಸುವ ಇಚ್ಛೆಯು ಅದನ್ನು ನಿಲ್ಲಿಸಿದವರಿಗೆ ಇರಲಿಲ್ಲ. ಸತ್ತವನ ದುಃಖವೊಂದೇ ಅವರಿಗಿದ್ದುದು. ಆದಕಾರಣವೇ ಅದರ ಮಾತಿಗೆ ಎದುರಿಲ್ಲ.

ಮನೆಗಳಲ್ಲಿಯೂ ಹೀಗೆಯೇ. ಜಮಾಖರ್ಚಿನ ಕಡತ, ಮದುವೆಯ ಮುಯ್ಯಿಯ ಪಟ್ಟಿ, ಜಾತಕ, ಹಳೆಯ ಪಂಚಾಂಗದ ಅಂಚಿನಲ್ಲಿ ಗುರುತುಹಾಕಿದ ಹೆರಿಗೆ ಸಾವುಗಳು, ಓಲೆಗರಿಯ ಗ್ರಂಥದ ಕೊನೆಯಲ್ಲಿ ಲಿಪಿಕಾರನು ಬರೆದ ತನ್ನ ತಂದೆಯ ಹೆಸರು, ಊರು, ತಿಥಿ: ಇವುಗಳಲ್ಲಿ ಸುಳ್ಳು ಹೇಳಬೇಕಾದ ಪ್ರಸಂಗವೇ ಕಡಮೆ. ಎಣ್ಣೆಯಿಂದಲೂ ನೀರಿನಿಂದಲೂ ಸಡಿಲವಾದ ಕಟ್ಟಿನಿಂದಲೂ ಮೂರ್ಖನ ಕೈಯಿಂದಲೂ ತನ್ನನ್ನು ಕಾಪಾಡಿರೆಂದು ಪುಸ್ತಕವೇ ಬೇಡಿಕೊಳ್ಳುವ ಅರ್ಥದ ಮಾತನ್ನು ಲಿಪಿಕಾರರು ಕೊನೆಯಲ್ಲಿ ಬರೆಯುತ್ತಿದ್ದರು. ಆದರೆ ಮನೆಯವರು ಜೋಪಾನಮಾಡಿದ್ದು ಸನದನ್ನು, ಕ್ರಯಪತ್ರವನ್ನು, ನಕಾಶೆಯನ್ನು. ಮುಯ್ಯಿಯ ಪಟ್ಟಿಗೆ ಯಾರೂ ರೇಷ್ಮೆಯ ಬಟ್ಟೆಯನ್ನು ಸುತ್ತಲಿಲ್ಲ. ಪೆಟ್ಟಿಗೆಯನ್ನು ಶುದ್ಧಮಾಡುವಾಗ ಮೊದಲು ಒಲೆಗೆ ಹೋಗುವುದೂ ಅದೇ.

ಇಂಥ ಕಾಗದಗಳನ್ನು ಓದುವವರಿಗೆ ಎದುರಾಗುವ ತೊಡಕುಗಳಲ್ಲಿ ಒಂದನ್ನು ವಿವರವಾಗಿ ಹೇಳುವುದು ಯುಕ್ತ. ಹಳೆಯವರು ಅನೇಕ ವೇಳೆ ಶಕವರ್ಷವನ್ನು ಬಿಟ್ಟು ಸಂವತ್ಸರದ ಹೆಸರೊಂದನ್ನೇ ಬರೆಯುತ್ತಿದ್ದರು. ಸಂವತ್ಸರಚಕ್ರವು 60 ವರ್ಷಗಳದ್ದು. ಪ್ರಭವವೆಂದರೆ 1807ರದೂ ಆಗಬಹುದು, 1867ರದೂ ಆಗಬಹುದು, 1927ರದೂ ಆಗಬಹುದು. ಇದರ ಮೇಲೆ ನಮ್ಮಲ್ಲಿ ತಾತನ ಹೆಸರನ್ನು ಮೊಮ್ಮಗನಿಗೆ ಇಡುವ ಸಂಪ್ರದಾಯ. ನರಸಪ್ಪನ ಮಗ ತಿಮ್ಮಪ್ಪ, ತಿಮ್ಮಪ್ಪನ ಮಗ ನರಸಪ್ಪ, ಮತ್ತೆ ಅವನ ಮಗ ತಿಮ್ಮಪ್ಪ, ಹೀಗೆ ಎರಡೇ ಹೆಸರುಗಳು ಮನೆಯನ್ನು ನಡೆಸುತ್ತವೆ. ತಾತನಿಗೂ ಮೊಮ್ಮಗನಿಗೂ ಸುಮಾರು ಐವತ್ತು ಅರುವತ್ತು ವರ್ಷಗಳ ಅಂತರ. ಸಂವತ್ಸರವು ಮರಳಿ ಬರುವುದೂ ಅಷ್ಟೇ ಕಾಲಕ್ಕೆ. ಆದಕಾರಣ ಪ್ರಭವ ಸಂವತ್ಸರದಲ್ಲಿ ನರಸಪ್ಪನ ಮಗ ತಿಮ್ಮಪ್ಪನು ಬರೆದುಕೊಟ್ಟ ಪತ್ರವು ತಾತನದೋ ಮೊಮ್ಮಗನದೋ ಎಂಬುದನ್ನು ಹೆಸರಿನಿಂದಲೂ ತೀರ್ಮಾನಿಸಲಾಗದು, ಸಂವತ್ಸರದಿಂದಲೂ ತೀರ್ಮಾನಿಸಲಾಗದು. ಎಷ್ಟೋ ವಂಶವೃಕ್ಷಗಳಲ್ಲಿ ಇಬ್ಬರು ಒಬ್ಬರಾಗಿ ಕಲೆತು ಎರಡು ತಲೆಗಳು ಕಾಣೆಯಾಗುವುದು ಇಲ್ಲಿಯೇ.

ಪರಿಹಾರವಿಲ್ಲದಿಲ್ಲ. ತಿಥಿಯೊಡನೆ ವಾರವನ್ನೂ ಬರೆದಿದ್ದರೆ, ಎಲ್. ಡಿ. ಸ್ವಾಮಿಕಣ್ಣು ಪಿಳ್ಳೆಯವರು 1922ರಲ್ಲಿ ಹೊರತಂದ ಪಂಚಾಂಗಕೋಷ್ಟಕಗಳ ಸಹಾಯದಿಂದ ಯಾವ ಪ್ರಭವದಲ್ಲಿ ಆ ತಿಥಿಯು ಆ ವಾರ ಬಿದ್ದಿತೆಂದು ಕಂಡುಹಿಡಿಯಬಹುದು. ಶಾಸನಗಳ ಕಾಲವನ್ನು ವಿದ್ವಾಂಸರು ನಿರ್ಣಯಿಸಿದುದೂ ಹೀಗೆಯೇ. ವಾರವಿಲ್ಲದಿದ್ದರೆ ನಾಣ್ಯವು ಸಾಕ್ಷಿ ಹೇಳುತ್ತದೆ. ಲೆಕ್ಕವು ವರಹ ಹಣಗಳಲ್ಲಿದ್ದರೆ ಹಳೆಯ ಪತ್ರ, ರೂಪಾಯಿ ಆಣೆ ಪೈಗಳಲ್ಲಿದ್ದರೆ ಈಚಿನದು. ನಯೇಪೈಸೆ ಬಂದುದು 1957ರಲ್ಲಿ. ಪತ್ರದ ಕೊನೆಯ ಸಾಕ್ಷಿಗಳ ಹೆಸರುಗಳನ್ನು ಬೇರೆ ಮನೆಯ ಪತ್ರಗಳೊಡನೆ ಹೋಲಿಸಿದರೂ ಎಷ್ಟೋ ಗಂಟುಗಳು ಬಿಚ್ಚಿಕೊಳ್ಳುತ್ತವೆ. ಇದಕ್ಕೆ ಊರಿನ ಎಲ್ಲ ಮನೆಗಳವರ ಸಹಕಾರವು ಬೇಕೆಂಬುದೇ ಕಷ್ಟ.

ವಂಶಾವಳಿಗಳಲ್ಲಿ ಹೆಣ್ಣುಮಕ್ಕಳ ಹೆಸರು ಕಾಣದಿರುವುದು ದೊಡ್ಡ ಕೊರತೆ. ಪ್ರಾಚೀನರೆಲ್ಲರೂ ಹೀಗಿದ್ದರೆಂದು ಹೇಳಲಾಗದು. ಬೃಹದಾರಣ್ಯಕದ ಕೊನೆಯ ವಂಶಬ್ರಾಹ್ಮಣದಲ್ಲಿ ಆಚಾರ್ಯರಲ್ಲಿ ಬಹುಮಂದಿಯನ್ನು ಪೌತಿಮಾಷೀಪುತ್ರ, ಕಾತ್ಯಾಯನೀಪುತ್ರ, ಗೌತಮೀಪುತ್ರ ಎಂದು ತಾಯಂದಿರ ಹೆಸರಿನಿಂದ ಎಣಿಸಿದೆ. ಶ್ರವಣಬೆಳ್ಗೊಳದ ಶಾಸನವೊಂದು 1131ರಲ್ಲಿ ಹೊಯ್ಸಳ ವಿಷ್ಣುವರ್ಧನನ ರಾಣಿ ಶಾಂತಲೆಯು ತೀರಿಕೊಂಡುದನ್ನೂ, ಮಗಳ ಹಿಂದೆಯೇ ತಾಯಿ ಮಾಚಿಕಬ್ಬೆಯು ಸಲ್ಲೇಖನವ್ರತದಿಂದ ದೇಹವನ್ನು ಬಿಟ್ಟುದನ್ನೂ ಹೇಳುವಾಗ ಮಾಚಿಕಬ್ಬೆಯ ತವರುಮನೆಯವರನ್ನೂ ಹೆಸರಿಸುತ್ತದೆ. ತುಳುನಾಡಿನ ಅಳಿಯಸಂತಾನದ ಮನೆಗಳಲ್ಲಂತೂ ಬಳಿಯು ತಾಯಿಯಿಂದಲೇ ಬರುವುದು. ಅಲ್ಲಿ ತಾಯಿ, ಅಜ್ಜಿ, ಮುತ್ತಜ್ಜಿಯರ ಹೆಸರುಗಳಿಲ್ಲದೆ ಕವರು ಎಂಬುದೇ ಸಿದ್ಧಿಸದು. ಉಳಿದ ಕಡೆಗಳಲ್ಲಿ ಹೆಣ್ಣಿನ ಹೆಸರು ಸಿಕ್ಕುವುದು ಮತ್ತೆ ಆ ತಿರಸ್ಕೃತವಾದ ಮುಯ್ಯಿಯ ಪಟ್ಟಿಯಲ್ಲಿ, ಇಂಥ ಊರಿನ ಇಂಥ ಅತ್ತೆಗೆ ಸೀರೆ ಒಂದು ಎಂಬ ಸಾಲಿನಲ್ಲಿ.

ಗ್ರಾಮಾಧಿಕಾರಗಳನ್ನು ರದ್ದುಗೊಳಿಸಿದ 1961ರ ಕಾಯಿದೆಯು 1963ರ ಫೆಬ್ರವರಿ 1ರಿಂದ ಜಾರಿಗೆ ಬಂದಾಗ ವಂಶಪಾರಂಪರ್ಯದ ಶಾನುಭೋಗಿಕೆಯು ಕೊನೆಗೊಂಡಿತು. ಸರ್ಕಾರದ ಲೆಕ್ಕಗಳು ಸರ್ಕಾರಕ್ಕೆ ಹೋದುವು. ತಾತಂದಿರ ಕಾಲದ ಖಾಸಗಿ ಕಡತಗಳು ಬೇಡದ ಭಾರವಾಗಿ ಅಟ್ಟಗಳ ಮೇಲೆ ಉಳಿದುವು. ಓದಲು ಬಾರದ ಓಲೆಗರಿಯ ಕಟ್ಟನ್ನು ಪೂಜೆಮಾಡಿ ಹೊಳೆಗೆ ಬಿಡುವುದನ್ನು ಪುಣ್ಯವೆಂದು ತಿಳಿದವರೂ ಉಂಟು. ತಂಜಾವೂರು ಜಿಲ್ಲೆಯ ಒಬ್ಬ ಪಂಡಿತರು ಗ್ರಂಥಲಿಪಿಯ ತಮ್ಮ ಓಲೆಗಳನ್ನು ಹೊಳೆಗೆ ಬಿಡದೆ ಮೈಸೂರಿನ ಪ್ರಾಚ್ಯಪುಸ್ತಕಭಂಡಾರಕ್ಕೆ ಒಪ್ಪಿಸಿದುದರಿಂದಲೇ ಆರ್. ಶಾಮಶಾಸ್ತ್ರಿಗಳಿಗೆ 1905ರಲ್ಲಿ ಕೌಟಲ್ಯನ ಅರ್ಥಶಾಸ್ತ್ರವು ದೊರೆತು, 1909ರಲ್ಲಿ ಅಚ್ಚಾಯಿತು. ಎಲ್ಲರ ಅಟ್ಟದಲ್ಲಿಯೂ ಅರ್ಥಶಾಸ್ತ್ರವಿರುವುದಿಲ್ಲವೆಂಬುದು ನಿಜ. ಏನಿದೆಯೆಂದು ನೋಡದೆ ಇಲ್ಲವೆನ್ನುವುದು ಹೇಗೆ?

ಓಲೆಗಿಂತಲೂ ಕಡತದ ಸ್ಥಿತಿಯು ಸೂಕ್ಷ್ಮವಾದುದು. ಬಟ್ಟೆಗೆ ಹುಣಿಸೆಬೀಜದ ಸರಿಯನ್ನೂ ಇದ್ದಿಲ ಪುಡಿಯನ್ನೂ ಕಲಸಿ ಬಳಿದು, ಒಣಗಿಸಿ, ಮಡಿಕೆಮಡಿಕೆಯಾಗಿ ಮಡಿಸಿ, ಎರಡು ಕೊನೆಗಳಿಗೂ ಹಲಗೆಯನ್ನು ಕಟ್ಟಿದ ಈ ಕಪ್ಪು ಪುಸ್ತಕದ ಮೇಲೆ ಬಳಪದಿಂದ ಬರೆಯುತ್ತಿದ್ದರು. ಓಲೆಯಲ್ಲಿ ಅಕ್ಷರವು ಕೊರೆದು ನಿಂತಿರುತ್ತದೆ. ಮಸಿ ಹಾರಿದರೂ ದೀಪದ ಕಾಡಿಗೆಯನ್ನು ತೀಡಿದರೆ ಮತ್ತೆ ಕಾಣುತ್ತದೆ. ಕಡತದಲ್ಲಿ ಅಕ್ಷರವು ಮೇಲೆ ಕುಳಿತಿರುತ್ತದೆ. ಲೆಕ್ಕ ತೀರಿದ ಮೇಲೆ ಅಳಿಸಿ ಮತ್ತೊಮ್ಮೆ ಬರೆಯುವ ಅನುಕೂಲಕ್ಕಾಗಿಯೇ ಅದನ್ನು ಹಾಗೆ ಮಾಡಿದ್ದು. ಆದುದರಿಂದ ಅಟ್ಟದಿಂದ ಇಳಿಸಿದ ಕಡತದ ಧೂಳನ್ನು ಬಟ್ಟೆಯಿಂದ ಒರಸಲಾಗದು, ಒದ್ದೆಯ ಕೈಯಿಂದ ಮುಟ್ಟಲಾಗದು. ಒಂದೊಂದೇ ಮಡಿಕೆಯನ್ನು ಮೆಲ್ಲನೆ ತೆರೆದು, ಓರೆಯಾದ ಬೆಳಕಿನಲ್ಲಿ ಛಾಯಾಚಿತ್ರವನ್ನು ತೆಗೆದು, ಅನಂತರವೇ ಮುಂದಿನ ಮಡಿಕೆಗೆ ಹೋಗಬೇಕು. ಚಿತ್ರದ ಜೊತೆಯಲ್ಲಿ ಕಡತವು ಯಾವ ಊರಿನ ಯಾವ ಮನೆಯದೆಂದೂ ತೆರೆದ ದಿನ ಯಾವುದೆಂದೂ ಬರೆದಿಡಬೇಕು. ದಿನವನ್ನು ಬರೆಯುವಾಗ ಸಂವತ್ಸರದ ಹೆಸರೊಂದನ್ನೇ ಬರೆದು ಬಿಡಬಾರದು.